ಠಾಣೆ ಮುಂದೆ ನಿಲ್ಲಿಸಿ ತೆಗೆದ ಫೋಟೊ

ಪೊಲೀಸ್ ಠಾಣೆ ಮುಂದೆ ಇಬ್ಬರು ಹೆಂಗಸರು ತಲೆ ತಗ್ಗಿಸಿ ನಿಂತಿರುತ್ತಾರೆ. ಹಿಂದೆ ಪೊಲೀಸರ ಸಾಲು, ಮುಂದೆ ಟೇಬಲ್ ಮೇಲೆ ವಶಪಡಿಸಿಕೊಂಡ ಸರ. ಇಂಥ ಫೋಟೊ ನಿಮ್ಮ ವಾಟ್ಸಾಪಿಗೂ ಬಂದಿರುತ್ತದೆ. ಅದನ್ನು ತೆಗೆದು ಕಳಿಸುವವರು ನಾವೇ, ತಾಲ್ಲೂಕಿನ ವರದಿಗಾರರು.

ಪೇಪರಿನಲ್ಲಿ ಬಂದಿದ್ದ ಇಂಥದ್ದೇ ಒಂದು ಫೋಟೊವನ್ನು ಬೆಂಗಳೂರಿನ ಕಲಾವಿದೆ ಎನ್. ಪುಷ್ಪಮಾಲಾ ಎತ್ತಿಕೊಂಡರು. ಅವರು ಕಲಿತದ್ದು ಶಿಲ್ಪಕಲೆ. 1990ರ ದಶಕದಿಂದ ತಾವೇ ವೇಷ ಹಾಕಿ ಕ್ಯಾಮೆರಾ ಮುಂದೆ ನಿಲ್ಲುತ್ತಾ ಬಂದಿದ್ದಾರೆ. 2000ದಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ಸೇರಿ ದಕ್ಷಿಣ ಭಾರತದ ಹೆಂಗಸರ ಬಗ್ಗೆ ಒಂದು ದೊಡ್ಡ ಸರಣಿ ಮಾಡಿದರು. ಅದರಲ್ಲಿ ಕ್ಯಾಲೆಂಡರಿನಲ್ಲಿ ನಾವೆಲ್ಲ ಕಂಡ ರವಿವರ್ಮನ ಲಕ್ಷ್ಮಿ ಇದ್ದಾಳೆ, ಸಿನಿಮಾ ನಾಯಕಿ ಇದ್ದಾಳೆ, ಕಳ್ಳತನದ ಆರೋಪಿಯೂ ಇದ್ದಾಳೆ. ಮೂರೂ ಪುಷ್ಪಮಾಲಾ ಅವರೇ.

ಗ್ಯಾಲರಿ ಫೋಟೊ ಕಟ್ಟಿಕೊಂಡು ನಮಗೇನು ಅಂತ ನಾವೂ ಅಂದುಕೊಂಡಿದ್ದೆವು. ಆದರೆ ಅಕ್ಕಪಕ್ಕ ಇಟ್ಟು ನೋಡಿ. ಲಕ್ಷ್ಮಿಯಾಗಿ ನಿಂತಾಗ ಕೈ ಮುಗಿಯೋಣ ಅನ್ನಿಸುವ ಅದೇ ಮುಖ, ಆರೋಪಿಯಾಗಿ ನಿಂತಾಗ 'ಇವಳೇ ಕದ್ದಿರಬೇಕು' ಅನ್ನಿಸುತ್ತದೆ. ಬದಲಾಗಿದ್ದು ಸೀರೆ, ಹಿಂದಿನ ಪರದೆ, ನಿಲ್ಲಿಸಿದ ರೀತಿ ಅಷ್ಟೇ.

ಬ್ರಿಟಿಷರ ಕಾಲದಲ್ಲಿ ಬುಡಕಟ್ಟಿನವರನ್ನು ಚೌಕಳಿ ಪರದೆ ಮುಂದೆ ನಿಲ್ಲಿಸಿ, ಮೈ ಅಳತೆ ಸಿಗುವಂತೆ ಫೋಟೊ ತೆಗೆಯುತ್ತಿದ್ದರು. ನೀಲಗಿರಿಯ ತೋಡ ಹೆಣ್ಣಾಗಿ ಪುಷ್ಪಮಾಲಾ ಆ ಪರದೆ ಮುಂದೆಯೂ ಕಾಣಿಸಿಕೊಂಡಿದ್ದಾರೆ. ಅದೇ ಬ್ರಿಟಿಷರು 1871ರಲ್ಲಿ ಕಾನೂನು ತಂದು ಕೆಲವು ಅಲೆಮಾರಿ ಜನರನ್ನು ಹುಟ್ಟಿನಿಂದಲೇ ಅಪರಾಧಿಗಳೆಂದು ಬರೆದಿಟ್ಟರು. 1952ರಲ್ಲಿ ಆ ಕಾನೂನು ಹೋಯಿತು. ಆ ಕಣ್ಣು ಇನ್ನೂ ಇದೆ, ನಮ್ಮ ಮೊಬೈಲ್ ಕ್ಯಾಮೆರಾದಲ್ಲೂ ಇದೆ.

ಒಂದು ಜಾತ್ರೆಯಲ್ಲಿ ಪಿನ್ನು, ಬಳೆ ಮಾರಲು ಬಂದಿದ್ದ ಹೆಂಗಸನ್ನು ಪರ್ಸ್ ಕದ್ದಳೆಂದು ಹಿಡಿದರು. ನಾವು ಫೋಟೊ ತೆಗೆದು ಕಳಿಸಿದೆವು. ಸಂಜೆ ಹೊತ್ತಿಗೆ ಪರ್ಸ್ ಟ್ರ್ಯಾಕ್ಟರಿನಲ್ಲೇ ಸಿಕ್ಕಿತು, ಅವಳನ್ನು ಬಿಟ್ಟು ಕಳಿಸಿದರು. ಬಿಟ್ಟ ಸುದ್ದಿಯನ್ನು ನಾವು ಕಳಿಸಲಿಲ್ಲ. ಅದಕ್ಕೆ ಫೋಟೊ ಇರಲಿಲ್ಲ. ಮುಂದಿನ ವರ್ಷ ಅವಳು ಜಾತ್ರೆಗೆ ಬಂದಾಗ ಹುಡುಗರು ಮೊಬೈಲ್ ಹಿಡಿದು, ಮುಖ ಹೋಲಿಸಿ ನೋಡುತ್ತಿದ್ದರು. ಪುಷ್ಪಮಾಲಾ ವೇಷ ಕಳಚಿಟ್ಟು ಮನೆಗೆ ಹೋಗಬಹುದು, ಅವಳು ಏನನ್ನು ಕಳಚಬೇಕಿತ್ತು?

ಕಳ್ಳರ ಮುಖ ಜನಕ್ಕೆ ಗೊತ್ತಾಗೋದು ಬೇಡವಾ ಎಂದು ಕೇಳುತ್ತೀರಿ. ತಪ್ಪಿಸಿಕೊಂಡವರ ಫೋಟೊ ಹಾಕಲಿ, ಹುಡುಕಲು ಬೇಕು. ಆಗಲೇ ಠಾಣೆಯಲ್ಲಿ ಇರುವವರ ಮುಖ ಯಾರಿಗೆ ಬೇಕು? ಕೋರ್ಟು ತೀರ್ಪು ಕೊಡುವವರೆಗೆ ಆ ಮುಖ ಹಾಕಬಾರದು ಎಂಬುದು ನಮ್ಮ ಮಾತು. ಪೇಪರಿನವರಿಗೂ ಇದನ್ನೇ ಹೇಳುತ್ತಿದ್ದೇವೆ.

ಕಳೆದ ತಿಂಗಳಿಂದ ನಾವು ನಾಲ್ಕು ಜನ ಆರೋಪಿಗಳ ಮುಖ ಕಳಿಸುವುದು ಬಿಟ್ಟಿದ್ದೇವೆ. ಎರಡು ಸುದ್ದಿ ಬರಲೇ ಇಲ್ಲ, ಅವುಗಳ ದುಡ್ಡೂ ಇಲ್ಲ. ಮೂರನೆಯದಕ್ಕೆ ಡೆಸ್ಕಿನಿಂದ ಫೋನ್ ಬಂತು: "ಸುದ್ದಿ ಓಕೆ, ಫೋಟೊ ಎಲ್ರೀ?"