ಅಲಾಯಿ ಕುಣಿಯ ಸುತ್ತ

ಉತ್ತರಕ್ಕೆ ಕೃಷ್ಣೆ, ದಕ್ಷಿಣಕ್ಕೆ ತುಂಗಭದ್ರೆ; ನಡುವಿನ ಎಡೆದೊರೆ ನಾಡಿಗಾಗಿ ಅರಸರು ಕಾದಿದ ಕಥೆಯನ್ನು ವಾಚಕರು ಓದಿಯೇ ಇರುವಿರಿ. 1520ರಲ್ಲಿ ಕೃಷ್ಣದೇವರಾಯನು ಇಸ್ಮಾಯಿಲ್ ಆದಿಲಶಾಹನನ್ನು ಸೋಲಿಸಿದ್ದು ರಾಯಚೂರಿನಲ್ಲಿ. ಅರಸರು ಕಾದಿದ ಅದೇ ನೆಲದಲ್ಲಿ ಜನರು ಒಂದಾಗಿ ಹೆಜ್ಜೆಯಿಡುವುದನ್ನು ಕಾಣಬೇಕೆ? ಮೊಹರಂ ತಿಂಗಳಲ್ಲಿ ದೇವದುರ್ಗ, ಮಾನ್ವಿಗಳ ಕಡೆಗೆ ಬನ್ನಿರಿ.

ಚಂದ್ರದರ್ಶನವಾದೊಡನೆ ಮಸೀದಿಯ ಮುಂದೆ ಕುಣಿ ತೋಡಿ, ರಾತ್ರಿ ಅದರಲ್ಲಿ ಬೆಂಕಿ ಹಾಕುವರು. ಅದೇ ಅಲಾಯಿ. ಹಲಗೆಯ ಪೆಟ್ಟಿಗೆ ಸರಿಯಾಗಿ ಊರಿಗೆ ಊರೇ ಅದರ ಸುತ್ತ ಕುಣಿಯುವುದು. ಹಾಡುವುದು ಕ್ರಿ.ಶ. 680ರಲ್ಲಿ ಕರ್ಬಲಾದಲ್ಲಿ ಮಡಿದ ಹುಸೇನರ ಕಥೆಯನ್ನು; ಹಾಡುವ ನುಡಿ ಮಾತ್ರ ಅಚ್ಚ ಕನ್ನಡ. ಮುಸಲ್ಮಾನರ ಮನೆ ಒಂದೂ ಇಲ್ಲದ ಊರುಗಳಲ್ಲಿ ಸಹ ಹಿಂದೂಗಳೇ ಪಂಜಾಗಳನ್ನು ಕೂರಿಸಿ, ಚೊಂಗೆಯ ನೈವೇದ್ಯವಿಡುವುದು ಈ ಸೀಮೆಯ ವಾಡಿಕೆ.

ಹಿಜರಿ ವರ್ಷವು ಸೌರವರ್ಷಕ್ಕಿಂತ ಸುಮಾರು 11 ದಿನ ಕಿರಿದು. ಆದಕಾರಣ ಈ ಹಬ್ಬ ಒಮ್ಮೆ ಬಿತ್ತನೆಗೆ, ಒಮ್ಮೆ ಸುಗ್ಗಿಗೆ ಬರುತ್ತ, ಸುಮಾರು 33 ವರ್ಷಗಳಲ್ಲಿ ಎಲ್ಲ ಋತುಗಳನ್ನೂ ಸುತ್ತುತ್ತದೆ. ಕುಣಿತವೂ ಸುತ್ತು, ಕಾಲವೂ ಸುತ್ತು!

ದೂರದ ಕುರ್ದಿ ಜನರಲ್ಲಿಯೂ ಇಂತಹ ಸುತ್ತು ಕುಣಿತವುಂಟು. ಮಾರ್ಚ್ 21ರ ನೌರೋಜ್ ಹಬ್ಬದಲ್ಲಿ ಬೆಂಕಿ ಹೊತ್ತಿಸಿ, ಕೈಗೆ ಕೈ ಕೂಡಿಸಿ, ಗೋವೆಂದ್ ಕುಣಿಯುವರು. ಮುಂದಾಳು ಕರವಸ್ತ್ರ ಬೀಸುತ್ತ ನಡೆಸುವನು. ಅವರದು ಹೊಸ ವರ್ಷದ ಹರ್ಷ, ನಮ್ಮದು ಹುತಾತ್ಮನ ಸ್ಮರಣೆ. ಆದರೂ ಒಂದು ಗುಣ ಸಮಾನ: ಎರಡೂ ನೋಡುವುದಕ್ಕಲ್ಲ, ಸೇರುವುದಕ್ಕೆ. ಟರ್ಕಿಯಲ್ಲಿ 1983ರಿಂದ 1991ರವರೆಗೆ ಕುರ್ದಿ ನುಡಿಗೆ ಕಾನೂನಿನ ನಿಷೇಧವಿತ್ತು. ನುಡಿಗೆ ತಡೆಯಿದ್ದಾಗ ಹೆಜ್ಜೆಯೂ ಒಂದು ನುಡಿಯಾಗುವುದಲ್ಲವೆ?

ನಮ್ಮ ಅಲಾಯಿಗೆ ಅಂತಹ ನಿಷೇಧವಿಲ್ಲ. ಅದರ ಅಪಾಯ ಬೇರೆ. ದುಡಿಮೆಗಾಗಿ ಈ ಸೀಮೆಯ ಯುವಕರು ಬೆಂಗಳೂರಿಗೆ ವಲಸೆ ಹೋಗುವರು. ಹಲಗೆ ಬಡಿಯುವ ಕೈ, ಪದ ಎತ್ತುವ ಕಂಠಗಳು ವಿರಳವಾಗುತ್ತವೆ. ಉತ್ಸವದ ವೇದಿಕೆಗೆ ಕುಣಿತವನ್ನು ಏರಿಸಿದರೆ ಉಳಿಯಿತೆಂದು ನಾವು ಭಾವಿಸುವೆವು. ಆದರೆ ವೇದಿಕೆಯ ಮೇಲೆ ಸುತ್ತು ಸಾಲಾಗುತ್ತದೆ. ಸೇರಬೇಕಾದವರು ಕುರ್ಚಿಯಲ್ಲಿ ಕುಳಿತು ಚಪ್ಪಾಳೆ ತಟ್ಟುತ್ತಾರೆ.

ಇದು ನಿನ್ನ ಹಬ್ಬವೋ ನನ್ನ ಹಬ್ಬವೋ ಎಂದು ಕೇಳುವವರೂ ಈಗ ಇರುವರು. ಅವರಿಗೆ ವಾದದಿಂದ ಉತ್ತರ ಕೊಡುವುದು ಕಷ್ಟ. ಅಲಾಯಿಯ ಸುತ್ತ ಬಂದು ನಿಂತರೆ, ಪಕ್ಕದವನು ಸರಿದು ಜಾಗ ಕೊಡುವನು. ಉತ್ತರ ಅಷ್ಟೇ.