ಮನೆಗೆ ಬಂದ ಚಿತ್ರೋತ್ಸವ

ತೇರನ್ನು ಕಿಟಕಿಯಿಂದಲೂ ನೋಡಬಹುದು. ಆದರೆ ಹಗ್ಗ ಹಿಡಿದವನ ಅನುಭವವೇ ಬೇರೆ. ಚಲಚ್ಚಿತ್ರೋತ್ಸವಗಳಿಗೆ ಸಂಬಂಧಿಸಿದಂತೆ ಇಂಥದೇ ಪ್ರಶ್ನೆಯೊಂದು ೨೦೨೦ರಲ್ಲಿ ಉದ್ಭವಿಸಿತು.

ಅಮೆರಿಕದ ಮಿಚಿಗನ್ ಸಂಸ್ಥಾನದ ಆನ್ ಆರ್ಬರ್ ಒಂದು ವಿದ್ಯಾನಗರಿ. ಕಲಾಶಿಕ್ಷಕರಾಗಿದ್ದ ಜಾರ್ಜ್ ಮನುಪೆಲ್ಲಿಯವರು ೧೯೬೩ರಲ್ಲಿ ಅಲ್ಲಿ ಪ್ರಯೋಗಶೀಲ ಚಿತ್ರಗಳ ಉತ್ಸವವನ್ನು ಪ್ರಾರಂಭಿಸಿದರು. ದೊಡ್ಡ ಸ್ಟುಡಿಯೋಗಳ ಹಂಗಿಲ್ಲದವರು ತಯಾರಿಸಿದ ೧೬ ಮಿಲಿಮೀಟರ್ ಚಿತ್ರಗಳಿಗಷ್ಟೇ ದಶಕಗಳ ಕಾಲ ಅಲ್ಲಿ ಪ್ರವೇಶವಿದ್ದಿತು.

ಪ್ರಯೋಗಶೀಲ ಚಿತ್ರವೆಂದರೇನೆಂದು ವಾಚಕರು ಕೇಳಬಹುದು. ಅದೇ ೧೯೬೩ರಲ್ಲಿ ಸ್ಟಾನ್ ಬ್ರಾಕೇಜ್ ಎಂಬಾತ ‘ಮಾತ್‌ಲೈಟ್’ ಎಂಬ ಕಿರುಚಿತ್ರವನ್ನು ಕ್ಯಾಮರವನ್ನೇ ಬಳಸದೆ ರಚಿಸಿದ. ಸತ್ತ ಪತಂಗಗಳ ರೆಕ್ಕೆಗಳನ್ನೂ ಹುಲ್ಲು, ಹೂದಳಗಳನ್ನೂ ಪಾರದರ್ಶಕ ಅಂಟುಪಟ್ಟಿಗಳ ನಡುವೆ ಒತ್ತಿ, ಅದರಿಂದ ಫಿಲ್ಮಿನ ಪ್ರತಿ ತೆಗೆದ. ಸುಮಾರು ನಾಲ್ಕು ನಿಮಿಷಗಳ ಆ ಚಿತ್ರದಲ್ಲಿ ಕಥೆಯಿಲ್ಲ, ಮಾತಿಲ್ಲ, ಸಂಗೀತವೂ ಇಲ್ಲ. ಬೆಳಕಿನ ಕಂಪನವೊಂದೇ ಅದರ ಸರ್ವಸ್ವ. ಇಂಥ ಕೃತಿಗೆ ಸಭಾಂಗಣದ ಕತ್ತಲೆಯೂ ಮೌನವೂ ಅತ್ಯಾವಶ್ಯಕ.

೨೦೨೦ರ ಮಾರ್ಚ್ ೨೪ರಂದು ಐವತ್ತೆಂಟನೆಯ ಉತ್ಸವ ಪ್ರಾರಂಭವಾಗಬೇಕಾಗಿದ್ದಿತು. ಕೊರೋನಾ ನಿಮಿತ್ತವಾಗಿ ಜನರು ಮನೆಯಲ್ಲಿಯೇ ಇರಬೇಕೆಂಬ ಆಜ್ಞೆ ಮಿಚಿಗನ್ನಿನಲ್ಲಿ ಜಾರಿಗೆ ಬಂದದ್ದೂ ಅದೇ ದಿನ. ನಮ್ಮಲ್ಲಿ ಲಾಕ್‌ಡೌನ್ ಘೋಷಣೆಯಾದದ್ದೂ ಆ ದಿನದ ರಾತ್ರಿಯೇ. ವ್ಯಾಪಾರೀ ಚಿತ್ರ ಬಿಡುಗಡೆಗೆ ಕಾಯಬಲ್ಲದು. ಹಂಚಿಕೆದಾರನಿಲ್ಲದ ಬಡ ಕಲಾವಿದನಿಗೆ ಉತ್ಸವವೇ ವರ್ಷದ ಏಕೈಕ ಸುಗ್ಗಿ. ಇದನ್ನರಿತ ವ್ಯವಸ್ಥಾಪಕರು ಉತ್ಸವವನ್ನು ರದ್ದುಪಡಿಸದೆ, ಆರು ದಿನಗಳ ಕಾಲ ಅಂತರಜಾಲದ ಮೂಲಕ ಉಚಿತವಾಗಿ ನೇರಪ್ರಸಾರ ಮಾಡಿದರು.

ಇದರಲ್ಲಿ ಗಮನಿಸತಕ್ಕ ಅಂಶವೊಂದಿದೆ. ಚಿತ್ರಗಳನ್ನು ಯಾರು ಯಾವಾಗ ಬೇಕಾದರೂ ನೋಡಿಕೊಳ್ಳಲೆಂದು ಬಿಟ್ಟುಬಿಡದೆ, ಗೊತ್ತಾದ ವೇಳೆಯಲ್ಲಿ ಪ್ರದರ್ಶಿಸಿದರು. ಸ್ಥಳ ಕೈತಪ್ಪಿತಾದರೂ ಕಾಲವನ್ನು ಉಳಿಸಿಕೊಂಡರು. ಬೇರೆ ಬೇರೆ ಮನೆಗಳಲ್ಲಿ ಕುಳಿತವರು ಒಂದೇ ಗಳಿಗೆಯಲ್ಲಿ ಒಂದೇ ಚಿತ್ರವನ್ನು ಕಾಣುತ್ತಿದ್ದರು. ಆನ್ ಆರ್ಬರಿಗೆ ಹೋಗಲು ಹಣವಿಲ್ಲದವನಿಗೂ, ಹಾಸಿಗೆ ಹಿಡಿದ ರೋಗಿಗೂ ಬಾಗಿಲು ತೆರೆಯಿತು. ಅಂಗೈಯಗಲದ ಫೋನಿನಲ್ಲಿ, ಒಗ್ಗರಣೆಯ ಸದ್ದಿನ ನಡುವೆ, ಪತಂಗದ ರೆಕ್ಕೆಯ ಕಂಪನ ಕಂಡೀತೇ ಎಂಬ ಸಂದೇಹ ಮಾತ್ರ ಉಳಿಯಿತು.

೨೦೨೨ರಲ್ಲಿ ಉತ್ಸವ ಚಿತ್ರಮಂದಿರಕ್ಕೆ ಮರಳಿತು. ಅಂತರಜಾಲದ ಬಾಗಿಲನ್ನೂ ಮುಚ್ಚಲಿಲ್ಲ. ಇದು ವಿವೇಕದ ನಿರ್ಧಾರ. ಕಲೆಯನ್ನು ಮನೆಯವರೆಗೆ ತಂದುಕೊಡುವುದು ಯಂತ್ರಕ್ಕೆ ಸಾಧ್ಯ. ದೀಪವಾರಿಸಿ, ಫೋನನ್ನು ಬದಿಗಿರಿಸಿ, ನಾಲ್ಕು ನಿಮಿಷ ಸುಮ್ಮನೆ ಕುಳಿತುಕೊಳ್ಳುವ ಕೆಲಸವನ್ನು ಮಾತ್ರ ಮನೆಯವರೇ ಮಾಡಬೇಕು.