ಗಲ್ಲಾ ತುಂಬಿಸುವವನ ತುಟ್ಟಿಭತ್ಯೆ

ನಿಮ್ಮ ಬಡಾವಣೆಯ ವೈನ್ ಸ್ಟೋರಿನ ಕೌಂಟರಿನ ಹಿಂದೆ ನಿಂತ ಹುಡುಗನನ್ನು ಎಂದಾದರೂ ಮಾತನಾಡಿಸಿದ್ದೀರಾ? ಕುಡಿಯುವವರು ಬಾಟಲಿ ನೋಡುತ್ತಾರೆ, ಕುಡಿಯದವರು ಮುಖ ತಿರುಗಿಸುತ್ತಾರೆ. ಹುಡುಗ ಯಾರ ಕಣ್ಣಿಗೂ ಬೀಳುವುದಿಲ್ಲ. ಅವನೂ ನಿಮ್ಮ ವಯಸ್ಸಿನವನೇ, ನಿಮ್ಮ ಹಾಗೆಯೇ ಊರು ಬಿಟ್ಟು ಬೆಂಗಳೂರಿಗೆ ಬಂದವನು.

2020ರ ಮೇ ತಿಂಗಳನ್ನು ನೆನಪಿಸಿಕೊಳ್ಳಿ. ಲಾಕ್‌ಡೌನಿನಲ್ಲಿ ಮುಚ್ಚಿದ್ದ ಮದ್ಯದಂಗಡಿಗಳನ್ನು ಸರ್ಕಾರ 4ನೇ ತಾರೀಖು ತೆರೆಸಿತು. ಮರುದಿನ ಒಂದೇ ದಿನಕ್ಕೆ ಸುಮಾರು 197 ಕೋಟಿ ರೂಪಾಯಿ ವಹಿವಾಟು! ರೋಗದ ಭಯದಲ್ಲಿ ಊರೇ ಬಾಗಿಲು ಹಾಕಿಕೊಂಡಿದ್ದಾಗ ನೂಕುನುಗ್ಗಲಿಗೆ ಎದೆಕೊಟ್ಟು ಬೊಕ್ಕಸ ತುಂಬಿಸಿದವನು ಇದೇ ಹುಡುಗ. ಅವನಿಗೆ ಸಿಕ್ಕ ಬಹುಮಾನ ಏನು ಗೊತ್ತೇ? ಅದೇ ಜುಲೈನಲ್ಲಿ ಸರ್ಕಾರ ಕನಿಷ್ಠ ವೇತನದ ತುಟ್ಟಿಭತ್ಯೆಯ ಏರಿಕೆಯನ್ನು ಒಂದು ವರ್ಷ ಮುಂದಕ್ಕೆ ತಳ್ಳಿತು!

ಕಾರ್ಮಿಕರು ಹೈಕೋರ್ಟಿಗೆ ಹೋದರು. ಆ ಸೆಪ್ಟೆಂಬರಿನಲ್ಲೇ ಕೋರ್ಟು, ಬಾಕಿ ಸಮೇತ ಕೊಡಿ ಎಂದಿತು. ಆದರೂ ತಿಂಗಳಿಗೆ 417 ರೂಪಾಯಿಗಾಗಿ ಗಾರ್ಮೆಂಟ್ಸ್ ಹೆಣ್ಣುಮಕ್ಕಳು ವರ್ಷಕ್ಕೂ ಮೀರಿ ಬಡಿದಾಡಬೇಕಾಯಿತು. ಅವರಿಗೆ ಸಂಘವಿತ್ತು, ಬಡಿದಾಡಿದರು. ಇಬ್ಬರೋ ಮೂವರೋ ಇರುವ ಮದ್ಯದಂಗಡಿಯ ಹುಡುಗರಿಗೆ ಯಾರಿದ್ದಾರೆ?

ತುಟ್ಟಿಭತ್ಯೆ ಭಿಕ್ಷೆಯಲ್ಲ. ಅಕ್ಕಿ, ಬೇಳೆ, ಬಸ್ ಚಾರ್ಜು ಏರಿದಂತೆ ಸಂಬಳವೂ ಏರಲಿ ಎಂದು ಪ್ರತಿ ಏಪ್ರಿಲ್ 1ಕ್ಕೆ ಬೆಲೆ ಸೂಚ್ಯಂಕ ನೋಡಿ ಲೆಕ್ಕ ಹಾಕುವ ಹಣ ಅದು. ಕೇಳಿದರೆ ಧಣಿಯ ಉತ್ತರ ಒಂದೇ: 'ಎಲ್ಲಾ ಸೇರಿಸಿಯೇ ಕೊಡ್ತಿದೀನಲ್ಲೋ!' ಇಲ್ಲಿ ಕಾನೂನನ್ನು ಸರಿಯಾಗಿ ತಿಳಿಯಬೇಕು. ಏರ್‌ಫ್ರೈಟ್ ಕಂಪನಿ ಮತ್ತು ಕರ್ನಾಟಕ ಸರ್ಕಾರದ ನಡುವಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ 1999ರಲ್ಲೇ ಹೇಳಿದೆ: ಮೂಲ ವೇತನ, ತುಟ್ಟಿಭತ್ಯೆ ಎರಡೂ ಸೇರಿದ ಕನಿಷ್ಠ ಮೊತ್ತಕ್ಕಿಂತ ಹೆಚ್ಚು ಸಂಬಳ ಕೊಡುತ್ತಿರುವ ಮಾಲೀಕ ತುಟ್ಟಿಭತ್ಯೆಯನ್ನು ಬೇರೆಯಾಗಿ ಕೊಡಬೇಕಿಲ್ಲ. ಆದರೆ ಕೈಗೆ ಬಂದ ಮೊತ್ತವೇ ಆ ಗೆರೆಗಿಂತ ಕೆಳಗಿದ್ದರೆ? ಆಗ 'ಎಲ್ಲಾ ಸೇರಿದೆ' ಎನ್ನುವುದು ಶುದ್ಧ ಸುಳ್ಳು. ಜಗಳ ಹೆಸರಿನದಲ್ಲ, ಮೊತ್ತದ್ದು. ಮೊದಲು ಲೆಕ್ಕ ಹಾಕಿ, ಆಮೇಲೆ ಜಗಳಕ್ಕೆ ನಿಲ್ಲಿ.

2025ರ ನವೆಂಬರ್ 21ರಿಂದ ಹೊಸ ವೇತನ ಸಂಹಿತೆ ಜಾರಿಯಲ್ಲಿದೆ. ಕಾರ್ಮಿಕರ ಕೈ ಕಟ್ಟುವ ಸಂಗತಿಗಳು ಹೊಸ ಸಂಹಿತೆಗಳಲ್ಲಿ ಉಂಟು, ಅದಕ್ಕೆ ನಮ್ಮ ತಕರಾರೂ ಉಂಟು. ಆದರೆ ಇದರಲ್ಲಿರುವ ಆಯುಧವನ್ನು ಬಿಡುವುದು ಬೇಡ. ಬಾಕಿ ಕೇಳಲು ಹಿಂದೆ ಕನಿಷ್ಠ ವೇತನ ಕಾಯ್ದೆಯಲ್ಲಿ ಆರು ತಿಂಗಳ ಗಡುವಿತ್ತು, ಈಗ ಮೂರು ವರ್ಷ. ಬಾಕಿಯ ಜೊತೆಗೆ ಅದರ ಹತ್ತು ಪಟ್ಟಿನವರೆಗೂ ಪರಿಹಾರ ಕೊಡಿಸಬಹುದು. 'ಕೊಟ್ಟಿದ್ದೇನೆ' ಎಂದು ರುಜುವಾತು ಮಾಡಬೇಕಾದವನು ಮಾಲೀಕನೇ ಹೊರತು ಹುಡುಗನಲ್ಲ. ಅರ್ಥವಾಗದ ಇಂಗ್ಲಿಷ್ ಕಾಗದಕ್ಕೆ 'ನನಗೇನೂ ಬಾಕಿಯಿಲ್ಲ' ಎಂದು ಮೊದಲೇ ಸಹಿ ಹಾಕಿಸಿಕೊಂಡಿದ್ದರೂ, ಹಕ್ಕನ್ನೇ ಬಿಟ್ಟುಕೊಡುವ ಅಂಥ ಕರಾರು ಕಾನೂನಿನ ಮುಂದೆ ಊರ್ಜಿತವಲ್ಲ.

ಆದರೆ ಅಲ್ಲಿ ಕೆಲಸ ಮಾಡಿದ್ದಕ್ಕೇ ಪುರಾವೆ ಇಲ್ಲದಿದ್ದರೆ ಯಾವ ಕಾಯ್ದೆಯೂ ನೆರವಿಗೆ ಬರದು. ಹಾಜರಿ ಪುಸ್ತಕದ ಫೋಟೋ, ಬ್ಯಾಂಕಿಗೆ ಬಿದ್ದ ಸಂಬಳ, ಧಣಿ ಕಳಿಸಿದ ಮೊಬೈಲ್ ಸಂದೇಶ ಎಲ್ಲವೂ ಸಾಕ್ಷಿಯೇ. ಸಂಬಳದ ಚೀಟಿ ಕೇಳಿ ಪಡೆಯುವುದು ಅವನ ಹಕ್ಕು.

ಗೆಳೆಯರೇ, ನಾಲ್ಕಕ್ಷರ ಕಲಿತವರು ನೀವು. ಇಂದು ರಾತ್ರಿ ಆ ಅಂಗಡಿ ಶಟರ್ ಎಳೆಯುವ ಹೊತ್ತಿಗೆ ಹೋಗಿ ನಿಲ್ಲಿ. ಬಾಟಲಿಗಲ್ಲ, ಆ ಹುಡುಗನಿಗಾಗಿ. ಅವನ ಕಾಗದ ಓದಿ ಹೇಳಿ, ಲೆಕ್ಕ ಹಾಕಿಕೊಡಿ, ಅರ್ಜಿಯನ್ನು ಕನ್ನಡದಲ್ಲೇ ಬರೆದುಕೊಡಿ, ಕಾರ್ಮಿಕ ಇಲಾಖೆಯ ಮೆಟ್ಟಿಲು ಹತ್ತುವಾಗ ಜೊತೆಗೆ ಹೋಗಿ. ದಿನಕ್ಕೆ ಲಕ್ಷಾಂತರ ರೂಪಾಯಿ ಎಣಿಸುವ ಆ ಕೈಗೆ ತನ್ನ ನಾಲ್ಕು ನೂರು ರೂಪಾಯಿಯನ್ನೂ ಎಣಿಸಿಕೊಳ್ಳುವ ಹಕ್ಕಿದೆ.